ಕೊಳಗದಿಂದ ಏಳನೇ ನಮೂನೆಯವರೆಗೆ: ಕರ್ನಾಟಕದಲ್ಲಿ ಒಂದು ವಿಚಾರ ಕಾನೂನಾದ ಬಗೆ

ಕೊಳಗವೆಂದರೆ ಭತ್ತ ಅಳೆಯುವ ಪಾತ್ರೆ. 1951ರಲ್ಲಿ ಶಿವಮೊಗ್ಗ ಜಿಲ್ಲೆಯ ಸಾಗರ ತಾಲ್ಲೂಕಿನ ಕಾಗೋಡು ಎಂಬ ಸಣ್ಣ ಊರಿನಲ್ಲಿ ಸತ್ಯಾಗ್ರಹವೇ ನಡೆಯುವಂತಾದದ್ದಕ್ಕೆ ಈ ಪಾತ್ರೆಯ ಗಾತ್ರವೂ ಒಂದು ಕಾರಣ. ಗೇಣಿ ಭತ್ತವನ್ನು ಅಳೆದುಕೊಳ್ಳುವಾಗ ಒಡೆಯರು ಬಳಸುತ್ತಿದ್ದ ಕೊಳಗ ವಾಡಿಕೆಯ ಕೊಳಗಕ್ಕಿಂತ ದೊಡ್ಡದು. ಹಾಗಾಗಿ ಕರಾರಿನಲ್ಲಿ ಇಷ್ಟು ಎಂದು ಹೇಳಿದ್ದಕ್ಕಿಂತ ಹೆಚ್ಚಿನ ಭತ್ತ ಪ್ರತಿ ಸುಗ್ಗಿಯಲ್ಲೂ ಒಕ್ಕಲಿನವರ ಕಣದಿಂದ ಒಡೆಯರ ಕಣಜ ಸೇರುತ್ತಿತ್ತು. ದೀವರ ಸಮುದಾಯದ ಗೇಣಿದಾರರು ಇದನ್ನು ಒಪ್ಪುವುದಿಲ್ಲವೆಂದರು. ಒಡೆಯರು ಅವರನ್ನು ಗದ್ದೆಯಿಂದ ಬಿಡಿಸಲು ಹೊರಟರು. ಒಕ್ಕಲುಗಳು ನೇಗಿಲು ಹೊತ್ತು ಅದೇ ಗದ್ದೆಗೆ ಇಳಿದು ಬಂಧನಕ್ಕೊಳಗಾದರು.

ಇದಾಗಿ ಇಪ್ಪತ್ಮೂರು ವರ್ಷಗಳ ನಂತರ, 1974ರ ಮಾರ್ಚ್ 1ರಂದು, ರಾಜ್ಯದಲ್ಲಿ ಗೇಣಿಗೆ ಕೊಟ್ಟಿದ್ದ ಬಹುತೇಕ ಎಲ್ಲ ಕೃಷಿಭೂಮಿಯೂ ಸರ್ಕಾರದ ವಶಕ್ಕೆ ಬಂದಿದೆಯೆಂದು ಕಾನೂನು ಸಾರಿತು. ಉಳುವವನು ಏಳನೇ ನಮೂನೆಯ ಒಂದು ಅರ್ಜಿಯನ್ನು ತುಂಬಿ ಕೊಟ್ಟು ತನ್ನ ಸಾಗುವಳಿಯನ್ನು ಸಾಬೀತುಪಡಿಸಿದರೆ ಭೂಮಿ ಅವನದಾಗುತ್ತಿತ್ತು. ಕರಾವಳಿಯವರು ಇಂದಿಗೂ ‘ಭೂಮಸೂದೆ’ ಎಂದೂ ‘ಡಿಕ್ಲರೇಶನ್ ಕೊಟ್ಟದ್ದು’ ಎಂದೂ ನೆನೆಯುವುದು ಇದನ್ನೇ. ಸಮಾಜವಾದದ ವಿಚಾರ ಬಂತು, ಚಳವಳಿಯಾಯಿತು, ಚಳವಳಿಗೆ ಮಣಿದು ಕಾನೂನು ಬಂತು ಎಂದು ಈ ಎರಡು ಘಟನೆಗಳ ನಡುವೆ ನೇರ ಗೆರೆ ಎಳೆಯುವುದು ಸುಲಭ. ಆದರೆ ಗೆರೆ ಅಷ್ಟು ನೇರವಾಗಿರಲಿಲ್ಲ. ವಿಚಾರವನ್ನು ಹುಟ್ಟುಹಾಕಿದವರು ಒಬ್ಬರು, ಅದಕ್ಕೆ ಕನ್ನಡದಲ್ಲಿ ಮಾತು ಕೊಟ್ಟವರು ಇನ್ನೊಬ್ಬರು, ಜಾರಿಗೆ ತಂದವರು ಮತ್ತೊಬ್ಬರು. ಅದರ ಫಲ ಎಲ್ಲಿಯವರೆಗೆ ತಲುಪಬೇಕೆಂಬುದನ್ನು ಕೊನೆಗೆ ಗೊತ್ತುಮಾಡಿದ್ದು ಆ ನಮೂನೆ.

ಮೊದಲು ಗೇಣಿ ಎಂದರೇನು ಎಂಬುದನ್ನು ಸ್ವಲ್ಪ ಬಿಡಿಸಿ ಹೇಳಬೇಕು, ಏಕೆಂದರೆ ಇಂದಿನ ಓದುಗರಲ್ಲಿ ಅನೇಕರಿಗೆ ಅದು ಅಜ್ಜ ಅಜ್ಜಿಯರ ಬಾಯಲ್ಲಿ ಮಾತ್ರ ಕೇಳಿದ ಪದ. ಭೂಮಿಯ ದಾಖಲೆ ಒಬ್ಬರ ಹೆಸರಿನಲ್ಲಿ, ದುಡಿಮೆ ಇನ್ನೊಬ್ಬರದು. ದುಡಿದವರು ವರ್ಷಕ್ಕೆ ಇಷ್ಟು ಫಸಲನ್ನು ದಾಖಲೆಯ ಒಡೆಯರಿಗೆ ಕೊಡಬೇಕು. ದಕ್ಷಿಣ ಕನ್ನಡದಲ್ಲಿ ಇದರಲ್ಲೇ ಭೇದಗಳಿದ್ದವು. ಮೂಲಗೇಣಿಯೆಂದರೆ ಶಾಶ್ವತವಾದ ಹಕ್ಕು, ಗೊತ್ತಾದ ಗೇಣಿ. ಚಾಲಗೇಣಿಯೆಂದರೆ ಧಣಿಗಳ ಮರ್ಜಿ ಇರುವಷ್ಟು ದಿನ. ಚಾಲಗೇಣಿಯ ಒಕ್ಕಲಿಗೆ ಬೆಳೆಯ ಅರ್ಧವನ್ನೋ ಅದಕ್ಕಿಂತ ಹೆಚ್ಚನ್ನೋ ಅಳೆಯುವುದರ ಜೊತೆಗೆ ಇನ್ನೊಂದು ಭಾರವೂ ಇತ್ತು. ಧಣಿಗಳ ಮನೆಯ ಮದುವೆ ಮುಂಜಿಗೆ ಬಿಟ್ಟಿ ದುಡಿಯಬೇಕು, ಹಬ್ಬಕ್ಕೆ ಕಾಣಿಕೆ ಒಯ್ಯಬೇಕು, ಅಂಗಳದಲ್ಲಿ ಎಲ್ಲಿ ನಿಲ್ಲಬೇಕು ಎಂಬುದನ್ನು ಮರೆಯಬಾರದು. ಗೇಣಿಯ ಕರಾರು ಬಹುಪಾಲು ಬಾಯಿಮಾತಿನದಾದ್ದರಿಂದ ಒಕ್ಕಲಿನ ಹೆಸರು ಪಹಣಿಯಲ್ಲಿ ಇರುತ್ತಿದ್ದುದೇ ಅಪರೂಪ. ಈ ಕೊನೆಯ ಸಂಗತಿ ಮುಂದೆ ಬಹಳ ದೊಡ್ಡದಾಗುತ್ತದೆ.

ಕಾಗೋಡಿನಲ್ಲಿ ಗೇಣಿದಾರರನ್ನು ಒಂದುಗೂಡಿಸಿದವರು ಅದೇ ಸೀಮೆಯ ಎಚ್. ಗಣಪತಿಯಪ್ಪ. ಸಾಗರ ತಾಲ್ಲೂಕಿನ ರೈತರ ಸಂಘ ಅವರ ಮುಂದಾಳತ್ವದಲ್ಲಿ ಬೆಳೆದಿತ್ತು. ಸಮಾಜವಾದಿ ಪಕ್ಷ ಆ ಹೊತ್ತಿಗೆ ಕಾಂಗ್ರೆಸ್ಸಿನಿಂದ ಹೊರಬಂದು ಮೂರು ವರ್ಷವಾಗಿತ್ತಷ್ಟೆ. ಮಲೆನಾಡಿನಲ್ಲಿ ಅದರ ತರುಣ ನಾಯಕರಾಗಿದ್ದ ಶಾಂತವೇರಿ ಗೋಪಾಲಗೌಡರು ಈ ಹೋರಾಟವನ್ನು ತಮ್ಮದಾಗಿಸಿಕೊಂಡರು. 1951ರ ಜೂನ್‌ನಲ್ಲಿ ಆ ಪಕ್ಷದ ರಾಷ್ಟ್ರಮಟ್ಟದ ನಾಯಕ ರಾಮಮನೋಹರ ಲೋಹಿಯಾ ಸ್ವತಃ ಕಾಗೋಡಿಗೆ ಬಂದು ಬಂಧನಕ್ಕೊಳಗಾದ ಮೇಲೆ ಒಂದು ಹಳ್ಳಿಯ ಕೊಳಗದ ಜಗಳ ದೇಶದ ಪತ್ರಿಕೆಗಳ ಸುದ್ದಿಯಾಯಿತು. ಇಲ್ಲಿ ಅನುಕ್ರಮವನ್ನು ಗಮನಿಸಬೇಕು: ಸಮಾಜವಾದವನ್ನು ಓದಿ ಕಾಗೋಡಿನವರು ಎದ್ದು ನಿಂತದ್ದಲ್ಲ, ಅವರು ಎದ್ದು ನಿಂತಿದ್ದಾಗ ಸಮಾಜವಾದ ಅಲ್ಲಿಗೆ ಬಂತು. ತತ್ತ್ವ ಕೊಟ್ಟದ್ದು ಅನ್ಯಾಯದ ಅರಿವನ್ನಲ್ಲ, ಅದು ಅವರಿಗೆ ಮೊದಲೇ ಇತ್ತು. ಕೊಳಗ ಸಣ್ಣದಾದರೂ ಗೇಣಿ ಉಳಿಯುತ್ತದೆ, ಆದ್ದರಿಂದ ಕೇಳಬೇಕಾದದ್ದು ಭೂಮಿಯನ್ನೇ ಎಂಬ ಮುಂದಿನ ಹೆಜ್ಜೆಯನ್ನು ತತ್ತ್ವ ತೋರಿಸಿತು. ಹೋರಾಟವೇನೋ ತಕ್ಷಣಕ್ಕೆ ಸೋತಿತು. ಆದರೆ 1952ರ ಮೊದಲ ಸಾರ್ವತ್ರಿಕ ಚುನಾವಣೆಯಲ್ಲಿ ಕೈಯಲ್ಲಿ ಕಾಸಿಲ್ಲದ ಗೋಪಾಲಗೌಡರನ್ನು ಸಾಗರ–ಹೊಸನಗರದ ಮತದಾರರು ಕಾಂಗ್ರೆಸ್ ಅಭ್ಯರ್ಥಿಯ ವಿರುದ್ಧ ಗೆಲ್ಲಿಸಿ ವಿಧಾನಸಭೆಗೆ ಕಳಿಸಿದರು.

ಲೋಹಿಯಾ ಅವರ ವಿಚಾರ ಕರ್ನಾಟಕದಲ್ಲಿ, ಅದರಲ್ಲೂ ಬರಹಗಾರರಲ್ಲಿ, ಅಷ್ಟೊಂದು ಬೇರೂರಿದ್ದು ಏಕೆ? ಬರ್ಲಿನ್ನಿನಲ್ಲಿ ಓದಿ ಉಪ್ಪಿನ ತೆರಿಗೆಯ ಬಗ್ಗೆ ಪಿಎಚ್‌.ಡಿ. ಪಡೆದು ಬಂದಿದ್ದ ಈ ಮನುಷ್ಯ ಮಾರ್ಕ್ಸ್‌ನನ್ನು ಚೆನ್ನಾಗಿ ಬಲ್ಲವರು. ಆದರೆ ಯುರೋಪಿನ ವರ್ಗದ ಲೆಕ್ಕಾಚಾರ ಭಾರತಕ್ಕೆ ಹಾಗೆಯೇ ಹೊಂದುವುದಿಲ್ಲವೆಂಬುದು ಅವರ ತಕರಾರು. ವರ್ಗವೆಂದರೆ ಚಲಿಸುವ ಜಾತಿ, ಜಾತಿಯೆಂದರೆ ಚಲನೆ ನಿಂತುಹೋದ ವರ್ಗ ಎಂಬುದು ಅವರ ಸೂತ್ರ. ಆದ್ದರಿಂದ ಭೂಮಿ, ಜಾತಿ, ಹೆಣ್ಣು ಮತ್ತು ಭಾಷೆ ಅವರಿಗೆ ಬೇರೆ ಬೇರೆ ಖಾತೆಗಳಾಗಿರಲಿಲ್ಲ. ಇಂಗ್ಲಿಷ್ ಬಲ್ಲ ಕೆಲವೇ ಮಂದಿ ಆಳುವುದಕ್ಕೂ ಉಳದ ಕೆಲವೇ ಮಂದಿ ಭೂಮಿ ಇಟ್ಟುಕೊಳ್ಳುವುದಕ್ಕೂ ಅವರು ಸಂಬಂಧ ಕಂಡರು. ಕನ್ನಡದಲ್ಲಿ ಬರೆಯುವ ಒಬ್ಬ ತರುಣನಿಗೆ ಇದು ಹೇಗೆ ಕೇಳಿಸಿರಬಹುದು ಯೋಚಿಸಿ: ನೀನು ನಿನ್ನ ಭಾಷೆಯಲ್ಲಿ ಬರೆಯುವುದೇ ಒಂದು ರಾಜಕೀಯ ಕೆಲಸ ಎಂದು ಹೇಳುವ ರಾಜಕೀಯ ಸಿದ್ಧಾಂತ ಅದಕ್ಕೆ ಮುಂಚೆ ಅವನ ಬಳಿಗೆ ಬಂದಿರಲಿಲ್ಲ. ಯು.ಆರ್. ಅನಂತಮೂರ್ತಿ, ಪಿ. ಲಂಕೇಶ್, ಪೂರ್ಣಚಂದ್ರ ತೇಜಸ್ವಿ ಮೊದಲಾದವರು ಬರವಣಿಗೆಯಲ್ಲಿ ಒಬ್ಬರಿಂದೊಬ್ಬರು ಎಷ್ಟು ದೂರವಿದ್ದರೂ ಲೋಹಿಯಾ ಅವರ ಪ್ರಭಾವದ ವಿಷಯದಲ್ಲಿ ಒಂದೇ ಕಡೆ ನಿಲ್ಲುತ್ತಾರೆ. ಕಾಗೋಡಿನ ಸಾಗರ ತಾಲ್ಲೂಕಿನಲ್ಲೇ ಇರುವ ಹೆಗ್ಗೋಡಿನಲ್ಲಿ 1949ರಲ್ಲಿ ಆರಂಭವಾದ ನೀನಾಸಂ, ಕೆ.ವಿ. ಸುಬ್ಬಣ್ಣನವರ ಕೈಯಲ್ಲಿ ಅಡಿಕೆ ತೋಟಗಳ ನಡುವೆ ಜಗತ್ತಿನ ನಾಟಕ ಸಿನಿಮಾಗಳನ್ನು ಕನ್ನಡದಲ್ಲೇ ಚರ್ಚಿಸುವ ಜಾಗವಾಗಿ ಬೆಳೆಯಿತು. ದೊಡ್ಡದೇನಾದರೂ ಆಗಬೇಕಾದರೆ ಅದು ರಾಜಧಾನಿಯಲ್ಲೇ ಆಗಬೇಕೆಂಬ ನಂಬಿಕೆಯನ್ನು ಈ ತಾಲ್ಲೂಕು ಎರಡು ಸಲ ಸುಳ್ಳು ಮಾಡಿತು.

ಗೋಪಾಲಗೌಡರೂ ಸಾಹಿತ್ಯದ ನಂಟು ಬಿಟ್ಟವರಲ್ಲ. ಕವಿ ಗೋಪಾಲಕೃಷ್ಣ ಅಡಿಗರೂ ಸೇರಿದಂತೆ ಬರಹಗಾರರೊಡನೆ ಅವರ ಒಡನಾಟ ಗಾಢವಾಗಿತ್ತು. ಸದನದ ಮಾತಿಗೆ ಕಡತದ ಭಾಷೆಯಲ್ಲದ ಕನ್ನಡವನ್ನು ಅವರು ತಂದರು. ರಾಜ್ಯಕ್ಕೆ ಕರ್ನಾಟಕವೆಂಬ ಹೆಸರು ಬೇಕೆಂದು ಒತ್ತಾಯಿಸಿದವರಲ್ಲಿ ಅವರೂ ಒಬ್ಬರು. ಇದೇ ಜಾಡಿನಲ್ಲಿ 1967ರಲ್ಲಿ ಲೋಕಸಭೆಗೆ ಹೋದ ಜೆ.ಎಚ್. ಪಟೇಲರು ಅಲ್ಲಿ ಕನ್ನಡದಲ್ಲೇ ಮಾತನಾಡಿದರು.

ಘಟ್ಟದ ಕೆಳಗೆ ಕಥೆ ಇನ್ನೊಂದು ಬಗೆಯದು. ಉತ್ತರ ಕನ್ನಡದಲ್ಲಿ, ಅಂಕೋಲೆಯ ಸೀಮೆಯಲ್ಲಿ, ಗೇಣಿದಾರರನ್ನು ಸಂಘಟಿಸಿದ ದಿನಕರ ದೇಸಾಯಿಯವರು ಚುಟುಕಗಳಿಂದ ಮನೆಮಾತಾದ ಕವಿಯೇ. ಬ್ರಿಟಿಷ್ ಸರ್ಕಾರ ಅವರನ್ನು ಜಿಲ್ಲೆಯಿಂದ ಗಡಿಪಾರು ಮಾಡಿತ್ತು. ಮುಂದೆ ಅವರು ಕೆನರಾ ವೆಲ್‌ಫೇರ್ ಟ್ರಸ್ಟಿನ ಮೂಲಕ ಹಳ್ಳಿಗಳಿಗೆ ಶಾಲೆಗಳನ್ನು ತಂದರು, 1967ರಲ್ಲಿ ಪಕ್ಷೇತರರಾಗಿ ಲೋಕಸಭೆಗೆ ಗೆದ್ದರು. ‘ಉಳುವವನೇ ಹೊಲದೊಡೆಯ’ ಎಂಬ ಘೋಷಣೆ ಆ ಜಿಲ್ಲೆಯ ಹಾಲಕ್ಕಿ, ನಾಮಧಾರಿ ಮನೆಗಳವರೆಗೆ ಮುಟ್ಟಿದ್ದು ಯಾವ ಪಕ್ಷದ ಪ್ರಣಾಳಿಕೆಯಿಂದಲೂ ಅಲ್ಲ. ಎರಡೇ ಪದಗಳು, ಎರಡೂ ಕನ್ನಡದವು, ಎರಡರಲ್ಲೂ ಮಣ್ಣಿದೆ. ದಕ್ಷಿಣ ಕನ್ನಡದಲ್ಲಿ ಈ ಕೆಲಸವನ್ನು ಹೆಚ್ಚಾಗಿ ಮಾಡಿದವರು ಕಮ್ಯುನಿಸ್ಟರ ರೈತಸಂಘಟನೆಗಳು. ಹೀಗೆ ಬಣ್ಣ ಬೇರೆಬೇರೆಯಾದರೂ ಗೇಣಿ ಹೆಚ್ಚಾಗಿದ್ದ ಮೂರು ಜಿಲ್ಲೆಗಳಲ್ಲಿ ಕಾನೂನು ಬರುವ ಮುಂಚೆಯೇ ಅದನ್ನು ಬಳಸಿಕೊಳ್ಳಬಲ್ಲ ಜನ ತಯಾರಾಗಿದ್ದರು.

ಹಾಗೆಂದು ಅದುವರೆಗೆ ಕಾನೂನುಗಳೇ ಇರಲಿಲ್ಲವೆಂದಲ್ಲ. ಹಳೆ ಮೈಸೂರಿನಲ್ಲಿ ಕಡಿದಾಳ್ ಮಂಜಪ್ಪನವರು ಕಂದಾಯ ಸಚಿವರಾಗಿದ್ದಾಗ ಗೇಣಿ ಶಾಸನ ಬಂದಿತ್ತು, ಇನಾಮು ರದ್ದಾಗಿತ್ತು. 1956ರಲ್ಲಿ ರಾಜ್ಯ ಒಂದಾದಾಗ ಮುಂಬಯಿ, ಮದರಾಸು, ಹೈದರಾಬಾದುಗಳಿಂದ ಬಂದ ಭಾಗಗಳಲ್ಲಿ ಒಂದೊಂದು ಕಡೆ ಒಂದೊಂದು ಶಾಸನವಿದ್ದದ್ದನ್ನು ಕಂಡು, ಏಕರೂಪಕ್ಕೆ ತರಲು ಬಿ.ಡಿ. ಜತ್ತಿಯವರ ಅಧ್ಯಕ್ಷತೆಯ ಸಮಿತಿ ರಚನೆಯಾಯಿತು. ಅದರ ಫಲವಾದ 1961ರ ಭೂಸುಧಾರಣಾ ಶಾಸನ ಜಾರಿಗೆ ಬಂದದ್ದು 1965ರ ಅಕ್ಟೋಬರ್ 2ರಂದು. ನಾಲ್ಕು ವರ್ಷದ ಈ ಅಂತರವೇ ಅರ್ಧ ಕಥೆ ಹೇಳುತ್ತದೆ: ಭೂಮಿಯನ್ನು ಮನೆಯವರ ಹೆಸರುಗಳಿಗೆ ಹಂಚಿಬಿಡಲು ಬುದ್ಧಿವಂತರಿಗೆ ಅಷ್ಟು ಕಾಲ ಬೇಕಾದಷ್ಟಾಯಿತು. ಉಳಿದರ್ಧ ಶಾಸನದ ಒಳಗೇ ಇತ್ತು. ‘ಸ್ವಂತ ಸಾಗುವಳಿಗೆ ಬೇಕು’ ಎಂದು ಹೇಳಿ ಮಾಲೀಕರು ಭೂಮಿಯನ್ನು ಮರಳಿ ಪಡೆಯಬಹುದಿತ್ತು. ಇಲ್ಲವೆಂದು ವಾದಿಸುವ ಗೇಣಿದಾರ ತಾನು ಗೇಣಿದಾರನೆಂದು ಮೊದಲು ತೋರಿಸಬೇಕಿತ್ತು, ಅವನ ಹೆಸರು ಪಹಣಿಯಲ್ಲಿಲ್ಲ, ಎದುರಿಗೆ ಮಾಲೀಕರ ವಕೀಲರು. ಭೂಮಿ ಕೊಡಿಸಲೆಂದು ಬಂದ ಶಾಸನ ಹಲವು ಕಡೆ ಒಕ್ಕಲೆಬ್ಬಿಸುವುದಕ್ಕೆ ನೆಪವಾಯಿತು.

ಇಂಥ ಶಾಸನಕ್ಕೆ ಹಲ್ಲು ಬರಿಸಿದವರು ಸಮಾಜವಾದಿಗಳಲ್ಲ ಎಂಬುದು ಈ ಕಥೆಯ ಮುಖ್ಯ ತಿರುವು. 1969ರಲ್ಲಿ ಕಾಂಗ್ರೆಸ್ ಒಡೆದಾಗ ಕರ್ನಾಟಕದ ಬಲಾಢ್ಯ ನಾಯಕರಾದ ಎಸ್. ನಿಜಲಿಂಗಪ್ಪ, ವೀರೇಂದ್ರ ಪಾಟೀಲರು ಇಂದಿರಾ ಗಾಂಧಿಯವರ ಎದುರಿನ ಬಣದಲ್ಲಿ ಉಳಿದರು. ಅವರೊಂದಿಗೆ ಲಿಂಗಾಯತ, ಒಕ್ಕಲಿಗ ಮುಖಂಡರ ದೊಡ್ಡ ಭಾಗವೂ ಅಲ್ಲೇ ನಿಂತಿತು. ಇಂದಿರಾ ಬಣವನ್ನು ಇಲ್ಲಿ ಬಹುಮಟ್ಟಿಗೆ ಬುಡದಿಂದ ಕಟ್ಟಬೇಕಾಗಿ ಬಂದವರು, ಸಂಖ್ಯೆಯಲ್ಲಿ ತೀರಾ ಚಿಕ್ಕದಾದ ಅರಸು ಸಮುದಾಯಕ್ಕೆ ಸೇರಿದ ಡಿ. ದೇವರಾಜ ಅರಸರು. ಸ್ವಜಾತಿಯ ಮತಗಳನ್ನು ನೆಚ್ಚಿಕೊಳ್ಳುವ ಸೌಲಭ್ಯ ಅವರಿಗಿರಲಿಲ್ಲ. ಹಿಂದುಳಿದ ಸಣ್ಣ ಜಾತಿಗಳು, ದಲಿತರು, ಅಲ್ಪಸಂಖ್ಯಾತರು, ಗೇಣಿದಾರರು ಹೀಗೆ ಅದುವರೆಗೆ ಟಿಕೆಟ್ಟು ಸಿಗದಿದ್ದವರನ್ನೆಲ್ಲ ಕೂಡಿಸಿದ್ದು ಅವರಿಗೆ ತತ್ತ್ವವೂ ಆಗಿತ್ತು, ಅನಿವಾರ್ಯವೂ ಆಗಿತ್ತು. ಎಷ್ಟು ಪಾಲು ಯಾವುದೆಂದು ತೂಗುವುದು ನನಗೆ ಅಷ್ಟು ಮುಖ್ಯವಾಗಿ ತೋರುವುದಿಲ್ಲ. ಅಧಿಕಾರದ ಅಗತ್ಯವೂ ನಂಬಿಕೆಯೂ ಒಂದೇ ದಿಕ್ಕಿಗೆ ತಿರುಗಿದಾಗಲೇ ಇಂಥ ಕಾನೂನುಗಳು ಆಗುವುದು. ಈ ದಾರಿಯೂ ತೀರಾ ಹೊಸದಲ್ಲ. ನಾಲ್ವಡಿ ಕೃಷ್ಣರಾಜ ಒಡೆಯರ ಕಾಲದಲ್ಲಿ, 1918ರಲ್ಲೇ, ಹಿಂದುಳಿದವರಿಗೆ ಸರ್ಕಾರಿ ನೌಕರಿಯಲ್ಲಿ ಪಾಲು ಸಿಗುವ ಬಗ್ಗೆ ಮಿಲ್ಲರ್ ಸಮಿತಿ ನೇಮಕವಾಗಿತ್ತು. ಅರಸರು 1972ರಲ್ಲಿ ಎಲ್.ಜಿ. ಹಾವನೂರರ ಹಿಂದುಳಿದ ವರ್ಗಗಳ ಆಯೋಗ ನೇಮಿಸಿದಾಗ ಆ ಹಳೆಯ ಎಳೆಯನ್ನೇ ಮುಂದಕ್ಕೆ ನೇಯ್ದರು.

1972ರ ಮಾರ್ಚ್‌ನಲ್ಲಿ ಅರಸರು ಮುಖ್ಯಮಂತ್ರಿಯಾದರು. ಅದೇ ವರ್ಷದ ಜೂನ್‌ನಲ್ಲಿ, ಐವತ್ತು ತುಂಬುವ ಮೊದಲೇ, ಗೋಪಾಲಗೌಡರು ತೀರಿಕೊಂಡರು. ತಾವು ಇಪ್ಪತ್ತು ವರ್ಷ ಕೇಳಿದ್ದನ್ನು ತಾವು ಇಪ್ಪತ್ತು ವರ್ಷ ವಿರೋಧಿಸಿದ್ದ ಪಕ್ಷವೇ ಮಾಡಿದ್ದನ್ನು ಅವರು ನೋಡಲಿಲ್ಲ.

1974ರ ತಿದ್ದುಪಡಿಯ ಒಳಗೆ ನಿಜವಾಗಿ ಏನಿತ್ತು? ಸೈನಿಕರು, ನಾವಿಕರನ್ನು ಬಿಟ್ಟರೆ ಇನ್ನಾರಿಗೂ ಗೇಣಿಗೆ ಕೊಡುವ ಅವಕಾಶ ಉಳಿಯಲಿಲ್ಲ. ‘ಸ್ವಂತ ಸಾಗುವಳಿ’ಯ ಕಂಡಿ ಮುಚ್ಚಿತು. ಭೂಮಿ ಮೊದಲು ಸರ್ಕಾರದ ವಶಕ್ಕೆ ಬಂದುಬಿಡುತ್ತಿದ್ದುದರಿಂದ ಮಾಲೀಕನೊಡನೆ ಗೇಣಿದಾರ ನೇರವಾಗಿ ಸೆಣಸುವ ಅಗತ್ಯ ತಪ್ಪಿತು. ಅವನು ಅರ್ಜಿ ಕೊಡುವುದು ಸರ್ಕಾರಕ್ಕೆ. ಆದರೆ ಇವೆಲ್ಲಕ್ಕಿಂತ ಜಾಣತನದ ಏರ್ಪಾಡು ಭೂ ನ್ಯಾಯಮಂಡಳಿ. ತಾಲ್ಲೂಕು ಮಟ್ಟದಲ್ಲಿ ಉಪವಿಭಾಗಾಧಿಕಾರಿಯ ಅಧ್ಯಕ್ಷತೆ, ಜೊತೆಗೆ ಸರ್ಕಾರ ನೇಮಿಸಿದ ನಾಲ್ವರು ಊರ ಕಡೆಯ ಸದಸ್ಯರು, ಅವರಲ್ಲಿ ಒಬ್ಬರಾದರೂ ಪರಿಶಿಷ್ಟ ಜಾತಿ ಅಥವಾ ಪಂಗಡದವರು. ವಕೀಲರಿಗೆ ಪ್ರವೇಶವಿಲ್ಲ. ಸಿವಿಲ್ ಕೋರ್ಟಿಗೆ ಹೋಗುವಂತಿಲ್ಲ, ಹೈಕೋರ್ಟಿನಲ್ಲಿ ರಿಟ್ ಮಾತ್ರ. ಕಾಗದವಿಲ್ಲದ ಒಕ್ಕಲು ತನ್ನ ಗೇಣಿಯನ್ನು ಸಾಬೀತುಪಡಿಸುವುದು ಹೇಗೆಂಬ ಹಳೆಯ ಪ್ರಶ್ನೆಗೆ ಇದೇ ಉತ್ತರ: ಆ ಗದ್ದೆಯನ್ನು ಯಾರು ಉಳುತ್ತಾರೆಂಬುದು ಊರಿಗೆಲ್ಲ ಗೊತ್ತು, ಆದ್ದರಿಂದ ಊರು ಗೊತ್ತಿರುವವರನ್ನೇ ತೀರ್ಪಿಗೆ ಕೂರಿಸು. ಇದರಲ್ಲಿ ಅಪಾಯವೂ ಇತ್ತು. ಸದಸ್ಯರ ನೇಮಕದಲ್ಲಿ ಪಕ್ಷದ ಮುಖ ನೋಡಿದ್ದುಂಟು. ಸ್ವತಃ ಬಡವರೇ ಆಗಿದ್ದ ವಿಧವೆಯರೋ ಅರ್ಚಕರೋ ಗೇಣಿಗೆ ಕೊಟ್ಟಿದ್ದ ತುಂಡು ಭೂಮಿಯನ್ನು ಕಳೆದುಕೊಂಡು ಕಂಗೆಟ್ಟದ್ದೂ ಉಂಟು. ಕರಾವಳಿಯ ಅನೇಕ ಮನೆಗಳಲ್ಲಿ ಆ ಕಹಿ ಇನ್ನೂ ಆರಿಲ್ಲ. ಅದನ್ನು ಅಲ್ಲಗಳೆಯದೆಯೂ ಲೆಕ್ಕವನ್ನು ನೋಡಬಹುದು: ಅರ್ಜಿ ಸಲ್ಲಿಸಲು ಕೊಟ್ಟ ಗಡುವು ಮುಂದಕ್ಕೆ ಹೋಗುತ್ತ 1979ರ ಜೂನ್‌ಗೆ ನಿಂತಾಗ ಎಂಟು ಲಕ್ಷದಷ್ಟು ಅರ್ಜಿಗಳು ಬಂದಿದ್ದವು, ಅವುಗಳಲ್ಲಿ ಅರ್ಧಕ್ಕಿಂತ ಹೆಚ್ಚು ಗೇಣಿದಾರರ ಪರವಾಗಿ ತೀರ್ಮಾನವಾದವು.

ಈ ಕೆಲಸದ ಒಂದು ದೊಡ್ಡ ಭಾಗ ನಡೆದದ್ದು ತುರ್ತು ಪರಿಸ್ಥಿತಿಯ ದಿನಗಳಲ್ಲಿ. ಒಂದು ಕಡೆ ಗೇಣಿದಾರರಿಗೆ ಹಕ್ಕುಪತ್ರ ಸಿಗುತ್ತಿದ್ದಾಗ, ಆ ಹಕ್ಕಿನ ಮಾತನ್ನು ಮೊದಲು ಆಡಿದ ಪರಂಪರೆಯ ಸಮಾಜವಾದಿಗಳು ಸೆರೆಮನೆಯಲ್ಲಿದ್ದರು. ಬೆಂಗಳೂರಿನ ಜೈಲಿನಲ್ಲಿ ಕಾಯಿಲೆ ಉಲ್ಬಣಿಸಿದ ಕಲಾವಿದೆ ಸ್ನೇಹಲತಾ ರೆಡ್ಡಿ ಬಿಡುಗಡೆಯಾದ ಕೆಲವೇ ದಿನಗಳಲ್ಲಿ, 1977ರ ಜನವರಿಯಲ್ಲಿ, ಕೊನೆಯುಸಿರೆಳೆದರು. ಅರಸರ ಭೂಸುಧಾರಣೆಯನ್ನು ಹೊಗಳುವವರು ಇದನ್ನೂ, ತುರ್ತು ಪರಿಸ್ಥಿತಿಯನ್ನು ಖಂಡಿಸುವವರು ಅದನ್ನೂ ಒಂದೇ ಉಸಿರಿನಲ್ಲಿ ಹೇಳುವುದು ಕಡಿಮೆ.

ಈಗ ನಮೂನೆಯ ಹೊರಗೆ ಉಳಿದವರ ಕಡೆಗೆ ಬರಬೇಕು. ಏಳನೇ ನಮೂನೆ ಕೇಳುತ್ತಿದ್ದದ್ದು ‘ನೀನು ಯಾರ ಭೂಮಿಯನ್ನು ಗೇಣಿಗೆ ಮಾಡುತ್ತಿದ್ದೆ’ ಎಂದು. ಗೇಣಿದಾರನ ಗದ್ದೆಯಲ್ಲಿ ಕೂಲಿ ಮಾಡುತ್ತಿದ್ದವನ ಬಳಿ, ಜೀತಕ್ಕಿದ್ದವನ ಬಳಿ, ಈ ಪ್ರಶ್ನೆಗೆ ಉತ್ತರವಿರಲಿಲ್ಲ. ದಲಿತರಲ್ಲಿ ಬಹುಪಾಲು ಕೃಷಿಕೂಲಿಗಳು, ಗೇಣಿದಾರರು ಕಡಿಮೆ. ಹಾಗಾಗಿ ಈ ಕಾನೂನಿನಿಂದ ದೀವರು, ಬಿಲ್ಲವರು, ನಾಮಧಾರಿಗಳು, ಗೌಡರು, ಬಂಟರಲ್ಲಿನ ಒಕ್ಕಲುಗಳು ಹೊಲದೊಡೆಯರಾದರು. ದಲಿತರು ಹೆಚ್ಚಾಗಿ ಹೊಸ ಒಡೆಯರ ಕೂಲಿಯಾದರು. ‘ಉಳುವವನೇ’ ಎಂಬ ಪದದೊಳಗೆ ನಾಟಿ ಮಾಡುವವಳು, ಕಳೆ ಕೀಳುವವಳು, ನೇಗಿಲು ಹಿಡಿದರೂ ಕರಾರಿಲ್ಲದವನು ಅಡಕವಾಗಿರಲಿಲ್ಲ.

ಕನ್ನಡದ ದಲಿತ ಚಳವಳಿ ಇದೇ ಕಾಲದಲ್ಲಿ ಎದ್ದುದು ಕಾಕತಾಳೀಯವಲ್ಲ. ರಾಜ್ಯಕ್ಕೆ ಕರ್ನಾಟಕವೆಂದು ಹೆಸರಾದದ್ದು 1973ರ ನವೆಂಬರ್ 1ರಂದು. ಅದೇ ತಿಂಗಳು ಅರಸರ ಸಂಪುಟದ ದಲಿತ ಸಚಿವ ಬಿ. ಬಸವಲಿಂಗಪ್ಪನವರು ಮೈಸೂರಿನಲ್ಲಿ ಮಾತನಾಡುತ್ತ, ಕನ್ನಡ ಸಾಹಿತ್ಯದಲ್ಲಿ ಇರುವುದು ಹೆಚ್ಚಾಗಿ ಬೂಸಾ ಎಂಬ ಅರ್ಥದ ಮಾತನ್ನಾಡಿದರು. ಗಲಭೆಯಾಯಿತು, ದಲಿತ ವಿದ್ಯಾರ್ಥಿಗಳ ಮೇಲೆ ಹಲ್ಲೆಗಳಾದವು, ಸಚಿವರು ರಾಜೀನಾಮೆ ಕೊಡಬೇಕಾಯಿತು. ಈ ಜಗಳದಲ್ಲಿ ಕೇವಲ ಸಾಹಿತ್ಯಾಭಿಮಾನವನ್ನು ಕಾಣುವವರು ಒಂದು ಮುಖ್ಯ ಭೇದವನ್ನು ತಪ್ಪಿಸಿಕೊಳ್ಳುತ್ತಾರೆ. ಲೋಹಿಯಾವಾದಿಗೆ ಇಂಗ್ಲಿಷ್ ಎಂದರೆ ಆಳುವವರ ಬೇಲಿ, ಕನ್ನಡ ಎಂದರೆ ಬಿಡುಗಡೆ. ಅಂಬೇಡ್ಕರ್ ದಾರಿಯಲ್ಲಿ ಬಂದ ಬಸವಲಿಂಗಪ್ಪನವರಿಗೆ ಇಂಗ್ಲಿಷ್ ಊರಿನ ಹೊರಗಿನ ಕೇರಿಯಿಂದ ತಪ್ಪಿಸಿಕೊಳ್ಳುವ ದಾರಿ, ಕನ್ನಡ ಸಾಹಿತ್ಯ ಆ ಕೇರಿಯನ್ನು ಕಾಣದೆ ಬರೆದದ್ದು. ಒಂದೇ ಜಾತಿವ್ಯವಸ್ಥೆಯನ್ನು ವಿರೋಧಿಸುವ ಎರಡು ವಿಚಾರಧಾರೆಗಳು ಭಾಷೆಯ ಪ್ರಶ್ನೆಯಲ್ಲಿ ಎದುರುಬದುರಾದವು.

ಈ ವಿರೋಧವನ್ನು ಬಗೆಹರಿಸಿದವರು ಸಿದ್ಧಾಂತಿಗಳಲ್ಲ, ಬರಹಗಾರರು. ಬಿ. ಕೃಷ್ಣಪ್ಪನವರ ನಾಯಕತ್ವದಲ್ಲಿ ಭದ್ರಾವತಿಯ ಕಡೆ ಹುಟ್ಟಿ ರಾಜ್ಯಕ್ಕೆ ಹಬ್ಬಿದ ದಲಿತ ಸಂಘರ್ಷ ಸಮಿತಿಯಲ್ಲಿ ದೇವನೂರ ಮಹಾದೇವ, ಸಿದ್ಧಲಿಂಗಯ್ಯ ಇದ್ದರು. ಸಾಹಿತ್ಯ ಬೂಸಾ ಎಂಬ ಆಪಾದನೆಗೆ ಅವರು ಕೊಟ್ಟ ಉತ್ತರ ಕನ್ನಡವನ್ನು ಬಿಡುವುದಲ್ಲ, ಕೇರಿಯ ಕನ್ನಡವನ್ನೇ ಸಾಹಿತ್ಯದ ಕನ್ನಡ ಮಾಡುವುದು. ಸಿದ್ಧಲಿಂಗಯ್ಯನವರ ಹಾಡುಗಳು ಪುಸ್ತಕದಿಂದ ಸಭೆಗೆ ಹೋದವೋ ಸಭೆಯಿಂದ ಪುಸ್ತಕಕ್ಕೆ ಬಂದವೋ ಎಂದು ಹೇಳುವುದು ಕಷ್ಟ. 1979ರಲ್ಲಿ ಧರ್ಮಸ್ಥಳದ ಸಾಹಿತ್ಯ ಸಮ್ಮೇಳನದಲ್ಲಿ ದಲಿತ ಗೋಷ್ಠಿಗೆ ಅವಕಾಶ ಸಿಗದೆ ಹೋದದ್ದರ ಪ್ರತಿಭಟನೆಯಾಗಿ ಬಂಡಾಯ ಸಾಹಿತ್ಯ ಸಂಘಟನೆ ರೂಪುಗೊಂಡಿತು. ನಮೂನೆಯಲ್ಲಿ ಜಾಗವಿಲ್ಲದವರಿಗೆ ಗೋಷ್ಠಿಯಲ್ಲೂ ಜಾಗವಿರಲಿಲ್ಲ. ಅವರು ಎರಡನೆಯದರ ಹೊರಗೆ ತಮ್ಮದೇ ಗೋಷ್ಠಿ ಕಟ್ಟಿಕೊಂಡರು. ಮೊದಲನೆಯದರ ವಿಷಯದಲ್ಲಿ ಅಷ್ಟು ಸುಲಭವಿರಲಿಲ್ಲ. ಸರ್ಕಾರ ಮಂಜೂರು ಮಾಡಿದ ಭೂಮಿಯನ್ನು ದಲಿತರಿಂದ ಅಗ್ಗಕ್ಕೆ ಕೊಂಡುಕೊಳ್ಳುವುದನ್ನು ತಡೆಯುವ, ಕೊಂಡದ್ದನ್ನು ಮರಳಿ ಕೊಡಿಸುವ ಪಿಟಿಸಿಎಲ್ ಶಾಸನ 1978ರಲ್ಲಿ ಬಂತು. ಇರುವ ತುಂಡನ್ನು ಉಳಿಸುವುದಕ್ಕೆ ಅದು ಉಪಯೋಗಕ್ಕೆ ಬಂತು, ಇಲ್ಲದವರಿಗೆ ಭೂಮಿ ತಂದುಕೊಡುವುದಕ್ಕಲ್ಲ.

ಅತ್ತ ಹಿಡುವಳಿದಾರರ ಜಗಳದ ಎದುರಾಳಿ ಬದಲಾಗಿದ್ದ. 1980ರ ಜುಲೈನಲ್ಲಿ ಮಲಪ್ರಭಾ ಅಚ್ಚುಕಟ್ಟಿನ ನರಗುಂದ, ನವಲಗುಂದಗಳಲ್ಲಿ ರೈತರು ದಂಗೆ ಎದ್ದಾಗ ಅವರ ಕೋಪ ಒಡೆಯರ ಮೇಲಲ್ಲ, ನೀರಾವರಿ ಕರ ಹೇರಿದ ಸರ್ಕಾರದ ಮೇಲೆ. ಆಗ ನಡೆದ ಪೊಲೀಸ್ ಗೋಲಿಬಾರಿನ ಬೆನ್ನಿಗೇ ಬೆಳೆದ ರಾಜ್ಯ ರೈತ ಸಂಘದ ಮುಂಚೂಣಿಗೆ ಬಂದ ಎಂ.ಡಿ. ನಂಜುಂಡಸ್ವಾಮಿಯವರೂ ಲೋಹಿಯಾ ಅವರ ಗರಡಿಯಿಂದಲೇ ಬಂದವರು. ಹಸಿರು ಶಾಲಿನ ರೈತ ಸಂಘದವರದು ಬೆಲೆಯ ಪ್ರಶ್ನೆ, ನೀಲಿ ಬಾವುಟದ ದಲಿತ ಸಂಘಟನೆಯವರದು ಕೂಲಿಯ, ಮರ್ಯಾದೆಯ, ಭೂಮಿಯ ಪ್ರಶ್ನೆ. ಹಳ್ಳಿಗಳಲ್ಲಿ ಇಬ್ಬರೂ ಒಂದೇ ಕಡೆ ಕೂತದ್ದಕ್ಕಿಂತ ಎದುರಾದದ್ದೇ ಹೆಚ್ಚು.

1974ರ ಶಾಸನದಲ್ಲಿ ಹೆಚ್ಚು ಮಾತಿಗೆ ಸಿಗದ ಇನ್ನೊಂದು ಭಾಗವಿತ್ತು. ಕೃಷಿಯೇತರ ಆದಾಯ ಮಿತಿ ಮೀರಿದವರು, ಕೃಷಿಕರಲ್ಲದವರು ಕೃಷಿಭೂಮಿ ಕೊಳ್ಳದಂತೆ ತಡೆಯುತ್ತಿದ್ದ 79-ಎ, 79-ಬಿ ಕಲಮುಗಳು ಅವು. 2020ರಲ್ಲಿ ರಾಜ್ಯ ಸರ್ಕಾರ ಮೊದಲು ಸುಗ್ರೀವಾಜ್ಞೆಯ ಮೂಲಕ, ಆಮೇಲೆ ಶಾಸನದ ಮೂಲಕ ಇವನ್ನು ತೆಗೆದುಹಾಕಿತು. ಅದರ ವಿರುದ್ಧ ಆ ಸೆಪ್ಟೆಂಬರ್‌ನಲ್ಲಿ ಬೆಂಗಳೂರಿನ ಬೀದಿಗಿಳಿದ ರೈತ–ದಲಿತ–ಕಾರ್ಮಿಕ ಸಂಘಟನೆಗಳ ಐಕ್ಯ ಹೋರಾಟದ ಮೆರವಣಿಗೆಯಲ್ಲಿ ಹಸಿರು ಶಾಲುಗಳೂ ನೀಲಿ ಬಾವುಟಗಳೂ ಒಟ್ಟಿಗೆ ಇದ್ದವು.